ಹರಳಿಗೆ ಹೊತ್ತು ಗೊತ್ತಿಲ್ಲ

ಹರಳೊಂದರೊಳಗೆ ಕಾಲವನ್ನು ಕಟ್ಟಿಹಾಕಿದ ಮಾಂತ್ರಿಕರ ಕಥೆಗಳನ್ನು ‘ಚಂದಮಾಮ’ದಂಥ ಪತ್ರಿಕೆಗಳಲ್ಲಿ ಓದಿ ಬೆಳೆದ ತಲೆಮಾರು ನಮ್ಮದು. ಇಂದಿನ ಮಕ್ಕಳಿಗೆ ಅದೇ ಮಾಂತ್ರಿಕ ಮೊಬೈಲ್ ಆಟಗಳಲ್ಲಿ ಸಿಗುತ್ತಾನೆ. ಅಲ್ಲಿ ಹರಳು ಕೈಗೆ ಬಂದರೆ ಕಾಲವನ್ನು ನಿಲ್ಲಿಸಬಹುದು, ಹಿಂದಕ್ಕೆ ತಿರುಗಿಸಬಹುದು, ಕದಲದಂತೆ ಹಿಡಿದಿಡಬಹುದು. ಇಂಥದ್ದೊಂದು ಆಟದಲ್ಲಿ ಮುಳುಗಿದ್ದ ಮನೆಯ ಹುಡುಗನೊಬ್ಬ ‘ಇಂಥ ಹರಳು ನಿಜಕ್ಕೂ ಇದೆಯಾ?’ ಎಂದು ಕೇಳಿದಾಗ ನಾವು ಗೋಡೆಯ ಮೇಲಿದ್ದ ಗಡಿಯಾರವನ್ನು ತೋರಿಸಿದೆವು. ಅವನು ನಕ್ಕುಬಿಟ್ಟ. ಸಂತೆಯಲ್ಲಿ ಸಿಗುವ ಪ್ಲಾಸ್ಟಿಕ್ ಗಡಿಯಾರಕ್ಕೂ ಮಾಂತ್ರಿಕನ ಹರಳಿಗೂ ಎಲ್ಲಿಯ ಸಂಬಂಧ?

ಸಂಬಂಧವಿದೆ. ಗಡಿಯಾರದ ಮುಖದ ಮೇಲೆ ‘ಕ್ವಾರ್ಟ್ಸ್’ ಎಂದು ಬರೆದಿರುವುದನ್ನು ಎಲ್ಲರೂ ನೋಡಿದ್ದೇವೆ. ಅದನ್ನು ಕಂಪೆನಿಯ ಹೆಸರೆಂದು ತಿಳಿದವರೂ ಇದ್ದಾರೆ. ಕ್ವಾರ್ಟ್ಸ್ ಎಂದರೆ ಬೇರೇನೂ ಅಲ್ಲ, ನಮ್ಮ ಸ್ಫಟಿಕ. ಮೂಡುಬಿದಿರೆಯ ಗುರು ಬಸದಿಯಲ್ಲಿ ‘ಸಿದ್ಧಾಂತ ದರ್ಶನ’ ಎಂದು ತೋರಿಸುವ ಜಿನಬಿಂಬಗಳ ಸಾಲಿನಲ್ಲಿ ಬೆಲೆಬಾಳುವ ರತ್ನಗಳ ಜೊತೆ ಸ್ಫಟಿಕವೂ ಇದೆ. ಅದೇ ವಸ್ತುವಿನ ಒರಟು ಪುಡಿ ಬಂಟ್ವಾಳದ ನೇತ್ರಾವತಿಯ ತಳದಲ್ಲಿ ಮರಳಾಗಿ ಬಿದ್ದಿದೆ. ಬಸದಿಯಲ್ಲಿ ಪೂಜೆಗೊಳ್ಳುವುದೂ, ರಾತ್ರಿ ಲಾರಿಗಳಲ್ಲಿ ಕದ್ದು ಸಾಗುವುದೂ, ಗೋಡೆಯಲ್ಲಿ ಟಿಕ್ ಟಿಕ್ ಎನ್ನುವುದೂ ರಸಾಯನಶಾಸ್ತ್ರದ ಲೆಕ್ಕದಲ್ಲಿ ಒಂದೇ.

ಈ ಕಲ್ಲಿಗೆ ಒಂದು ವಿಚಿತ್ರ ಗುಣವಿದೆ. ಒತ್ತಿದರೆ ಅದರ ಮೈಯಲ್ಲಿ ವಿದ್ಯುತ್ ಹುಟ್ಟುತ್ತದೆ; ವಿದ್ಯುತ್ ಹರಿಸಿದರೆ ಅದು ತುಸು ಹಿಗ್ಗಿ ಕುಗ್ಗುತ್ತದೆ. ಪ್ಯಾರಿಸಿನ ಜಾಕ್ ಮತ್ತು ಪಿಯೇರ್ ಕ್ಯೂರಿ ಸಹೋದರರು ಇದನ್ನು 1880-81ರಲ್ಲಿ ಕಂಡುಕೊಂಡರು. ಹೀಗೆ ನಡುಗುವ ಹರಳು ತನ್ನ ಆಕಾರಕ್ಕೆ ತಕ್ಕ ಒಂದೇ ಲಯವನ್ನು ಬಿಡದೆ ಹಿಡಿದುಕೊಳ್ಳುತ್ತದೆ. 1927ರಲ್ಲಿ ಅಮೆರಿಕದ ಬೆಲ್ ಪ್ರಯೋಗಾಲಯದಲ್ಲಿ ವಾರೆನ್ ಮ್ಯಾರಿಸನ್ ಮತ್ತು ಹಾರ್ಟನ್ ಈ ಲಯವನ್ನು ಬಳಸಿ ಮೊದಲ ಹರಳು ಗಡಿಯಾರ ಮಾಡಿದರು. ಅದು ಕೋಣೆ ತುಂಬುವ ಯಂತ್ರ. ಅದನ್ನು ಮುಂಗೈಗೆ ಇಳಿಸಲು ಇನ್ನೂ 42 ವರ್ಷ ಬೇಕಾಯಿತು. 1969ರ ಡಿಸೆಂಬರ್ 25ರಂದು ಟೋಕಿಯೋದಲ್ಲಿ ಸೀಕೋ ಕಂಪೆನಿ ‘ಆಸ್ಟ್ರಾನ್’ ಎಂಬ ಮೊದಲ ಕ್ವಾರ್ಟ್ಸ್ ಕೈಗಡಿಯಾರವನ್ನು ಮಾರಾಟಕ್ಕಿಟ್ಟಿತು. ಬೆಲೆ ನಾಲ್ಕೂವರೆ ಲಕ್ಷ ಯೆನ್. ಆ ಹಣಕ್ಕೆ ಅಂದು ಒಂದು ಕಾರೇ ಬರುತ್ತಿತ್ತು.

ಇಂದಿನ ಗಡಿಯಾರವನ್ನು ಬಿಚ್ಚಿದರೆ ಅಕ್ಕಿಕಾಳಿನಷ್ಟು ಗಾತ್ರದ ಲೋಹದ ಕೊಳವೆ ಕಾಣುತ್ತದೆ. ಅದರೊಳಗಿನ ಹರಳು ಶಾಲೆಯ ಪ್ರಯೋಗಾಲಯದ ಶ್ರುತಿಕವೆಯಂತೆ ಎರಡು ಕವಲಾಗಿ, ಸೆಕೆಂಡಿಗೆ 32,768 ಸಲ ನಡುಗುತ್ತದೆ. ಈ ಸಂಖ್ಯೆಯನ್ನು ಯಾರೋ ಮನಸ್ಸಿಗೆ ಬಂದಂತೆ ಆರಿಸಿದ್ದಲ್ಲ. ಅದನ್ನು ಅರ್ಧ ಮಾಡಿ, ಅರ್ಧದ ಅರ್ಧ ಮಾಡಿ, ಹೀಗೆ 15 ಸಲ ಮಾಡಿದರೆ ಸರಿಯಾಗಿ ಒಂದು ಉಳಿಯುತ್ತದೆ. ಆ ಒಂದೇ ಸೆಕೆಂಡಿನ ಮುಳ್ಳನ್ನು ಒಂದು ಹೆಜ್ಜೆ ಮುಂದೆ ತಳ್ಳುವುದು. ಮನುಷ್ಯನ ಕಿವಿಗೆ 20 ಸಾವಿರಕ್ಕಿಂತ ಹೆಚ್ಚಿನ ಕಂಪನ ಕೇಳಿಸದ ಕಾರಣ ನಮ್ಮ ಗೋಡೆಯ ಮೇಲೆ ನಡೆಯುವ ಈ ಗದ್ದಲ ನಮಗೆ ತಿಳಿಯುವುದೇ ಇಲ್ಲ. ಹರಳೂ ಸೆಕೆಗೆ ಸೋಲುತ್ತದೆ ಎನ್ನಿ. ಸುಮಾರು 25 ಡಿಗ್ರಿಯ ಹಿತವಾದ ತಾಪದಲ್ಲಿ ಅದರ ಲೆಕ್ಕ ಸರಿ. ಅದಕ್ಕಿಂತ ಬಿಸಿಯಾದರೂ ತಂಪಾದರೂ ತುಸು ನಿಧಾನವಾಗುತ್ತದೆ. ಆದರೂ ತಿಂಗಳಿಗೆ 15-20 ಸೆಕೆಂಡಿಗಿಂತ ಹೆಚ್ಚು ತಪ್ಪುವುದು ಅಪರೂಪ.

ಇಷ್ಟಾದರೂ ಈ ಹರಳಿಗೆ ಹೊತ್ತು ಗೊತ್ತಿಲ್ಲ. ಅದಕ್ಕೆ ಗೊತ್ತಿರುವುದು ಎಣಿಕೆ ಮಾತ್ರ. ಎಣಿಕೆಯನ್ನು ಎಲ್ಲಿಂದ ಆರಂಭಿಸಬೇಕು, ಯಾವ ಕ್ಷಣವನ್ನು ಹನ್ನೆರಡು ಎನ್ನಬೇಕು ಎಂಬುದನ್ನು ಯಾರೋ ಹೇಳಿಕೊಡಬೇಕು. ಆ ‘ಯಾರೋ’ ಯಾರು ಎಂಬ ಪ್ರಶ್ನೆಯ ಜಾಡು ಹಿಡಿದು ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಯ ನಮ್ಮ ಸೀಮೆಯ ಕಾಲಮಾಪನದ ಇತಿಹಾಸವನ್ನು ನೋಡಬಹುದೆಂದು ನಮಗನಿಸಿದೆ.

ಕನ್ನಡದ ‘ಹೊತ್ತು’ ಎಂಬ ಪದವನ್ನೇ ಗಮನಿಸಿ. ಹೊತ್ತು ಮೂಡಿತು, ಹೊತ್ತು ಮುಳುಗಿತು ಎಂದಾಗ ಅದು ಸೂರ್ಯ. ಹೊತ್ತಾಯಿತು ಎಂದಾಗ ಸಮಯ. ತುಳುವಿನ ‘ಪೊರ್ತು’ವಿಗೂ ಇದೇ ಎರಡು ಅರ್ಥ. ಸೂರ್ಯ ಬೇರೆ, ಸಮಯ ಬೇರೆ ಎಂಬ ಕಲ್ಪನೆಯೇ ನಮ್ಮ ಭಾಷೆಗಳಿಗೆ ಬೇಕಾಗಿರಲಿಲ್ಲ. ಇನ್ನು ಗಳಿಗೆ ಎಂದರೆ ತಳದಲ್ಲಿ ಸಣ್ಣ ತೂತಿರುವ ಬಟ್ಟಲು ನೀರಿನಲ್ಲಿ ಮುಳುಗಲು ಹಿಡಿಯುವ ಕಾಲ. ದಿನಕ್ಕೆ 60 ಗಳಿಗೆ, ಒಂದು ಗಳಿಗೆಗೆ ಇಂದಿನ 24 ನಿಮಿಷ. ಮದುವೆಯ ಮುಹೂರ್ತ ನೋಡುವವರಿಗೆ ಈ ಬಟ್ಟಲೇ ಗತಿಯಾಗಿತ್ತು. ಉತ್ತರ ಕರ್ನಾಟಕದವರು ಗಂಟೆಗೆ ‘ತಾಸು’ ಎನ್ನುತ್ತಾರಲ್ಲ, ಅದು ಅರಬಿ-ಪಾರಸಿಯ ‘ತಾಸ್’, ಅಂದರೆ ಬಟ್ಟಲು. 14ನೇ ಶತಮಾನದಲ್ಲಿ ದಿಲ್ಲಿಯ ಫಿರೋಜ್ ಶಾ ತುಘಲಕ್ ಇಂಥ ಬಟ್ಟಲನ್ನೂ ಜಾಗಟೆಯನ್ನೂ ಸಾರ್ವಜನಿಕರಿಗೆ ಕೇಳುವಂತೆ ಇರಿಸಿದ್ದ. ಬಾಬರ್ ತನ್ನ ಆತ್ಮಕಥೆಯಲ್ಲಿ ಹಿಂದೂಸ್ತಾನದ ಗಳಿಗೆಯವರನ್ನು ಕುತೂಹಲದಿಂದ ವರ್ಣಿಸಿದ್ದಾನೆ. ಅವರು ಗಳಿಗೆಯ ಸಂಖ್ಯೆಯನ್ನಷ್ಟೇ ಬಾರಿಸುತ್ತಿದ್ದುದರಿಂದ ನಡುರಾತ್ರಿ ಎಚ್ಚರಗೊಂಡವನಿಗೆ ಇದು ಎರಡನೆಯ ಜಾವವೋ ಮೂರನೆಯದೋ ತಿಳಿಯುತ್ತಿರಲಿಲ್ಲ. ಗಳಿಗೆ ಬಾರಿಸಿದ ನಂತರ ಜಾವದ ಗುರುತನ್ನೂ ಬಾರಿಸಿ ಎಂದು ಆತ ಆಜ್ಞೆ ಮಾಡಿದ. ಬಾಬರನ ಯುದ್ಧಗಳ ಬಗ್ಗೆ ನಡೆಯುವ ಚರ್ಚೆಯ ಹತ್ತರಲ್ಲೊಂದು ಪಾಲು ಇಂಥ ಸಂಗತಿಗಳ ಬಗ್ಗೆ ನಡೆದಿದ್ದರೆ ಎಷ್ಟು ಚೆನ್ನಿತ್ತು.

ಪಳ್ಳಿಗಳ ವಿಷಯಕ್ಕೆ ಬಂದರೆ, ಗಡಿಯಾರ ಬರುವ ಮೊದಲು ನೆರಳೇ ಗಡಿಯಾರ. ಸೂರ್ಯ ನಡುನೆತ್ತಿಯಿಂದ ಓರೆಯಾದೊಡನೆ ಲುಹರ್. ವಸ್ತುವಿನ ನೆರಳು, ನಡುಹಗಲಿನ ನೆರಳನ್ನು ಬಿಟ್ಟು, ಅದರ ಉದ್ದಕ್ಕೆ ಸಮನಾದಾಗ ಶಾಫಿಗಳಿಗೆ ಅಸರ್, ಎರಡರಷ್ಟಾದಾಗ ಹನಫಿಗಳಿಗೆ. ಒಂದೇ ಪೇಟೆಯಲ್ಲಿ ಬ್ಯಾರಿಗಳ ಪಳ್ಳಿಗೂ ಉರ್ದು ಮಾತನಾಡುವವರ ಮಸೀದಿಗೂ ಅಸರಿನ ಬಾಂಗ್ ಬೇರೆ ಬೇರೆ ಹೊತ್ತಿಗೆ ಕೇಳಿಸಿದರೆ ಯಾರ ಗಡಿಯಾರವೂ ಕೆಟ್ಟಿಲ್ಲ ಎಂದರ್ಥ. ಅದೇ ಸೂರ್ಯ, ಅದೇ ನೆರಳು, ಓದುವ ಕ್ರಮ ಎರಡು. ನಮ್ಮ ಸೀಮೆ ಸುಮಾರು 13 ಡಿಗ್ರಿ ಉತ್ತರ ಅಕ್ಷಾಂಶದಲ್ಲಿದೆ. ಹೀಗಾಗಿ ಏಪ್ರಿಲ್ ಕೊನೆಯ ವಾರದಲ್ಲೊಮ್ಮೆ, ಆಗಸ್ಟ್ ನಡುವಿನಲ್ಲೊಮ್ಮೆ ಸೂರ್ಯ ನೆತ್ತಿಗೆ ನೇರವಾಗಿ ಬಂದು, ನಡುಹಗಲಿನಲ್ಲಿ ಕಂಬಕ್ಕೆ ನೆರಳೇ ಇಲ್ಲದಂತಾಗುತ್ತದೆ. ಆಗಸ್ಟಿನಲ್ಲಿ ಅದನ್ನು ನೋಡಲು ಮಳೆ ಬಿಡಬೇಕಷ್ಟೆ.

ಯಾಂತ್ರಿಕ ಗಡಿಯಾರ ನಮ್ಮ ಕಡೆ ಬಂದದ್ದು ದೊರೆಗಳ ಮತ್ತು ಪಾದ್ರಿಗಳ ಮೂಲಕ. ಬೆಳ್ತಂಗಡಿಯ ಬಳಿ ಜಮಲಾಬಾದ್ ಕೋಟೆ ಕಟ್ಟಿಸಿದ ಟಿಪ್ಪು ಸುಲ್ತಾನ್ 1788ರಲ್ಲಿ ಫ್ರಾನ್ಸಿನ ಹದಿನಾರನೇ ಲೂಯಿಯ ಆಸ್ಥಾನಕ್ಕೆ ತಲುಪಿದ ತನ್ನ ರಾಯಭಾರಿಗಳ ಮೂಲಕ ಕೇಳಿದ್ದು ಬರೀ ಸೈನ್ಯವನ್ನಲ್ಲ, ಕುಶಲಕರ್ಮಿಗಳನ್ನು. ಆ ಪಟ್ಟಿಯಲ್ಲಿ ಗಡಿಯಾರ ಮಾಡುವವರೂ ಇದ್ದರು. ತಿಂಗಳುಗಳಿಗೆ ಹೊಸ ಹೆಸರಿಟ್ಟು ಪಂಚಾಂಗವನ್ನೇ ತಿದ್ದಿದವನಿಗೆ ಗಡಿಯಾರದ ಹಂಬಲವಿದ್ದುದು ಸಹಜವೇ. ಮುಂದಿನ ಶತಮಾನದಲ್ಲಿ ಮಂಗಳೂರಿಗೆ ಬಂದ ಬಾಸೆಲ್ ಮಿಷನ್ ನೇಯ್ಗೆ, ಮುದ್ರಣಗಳ ಜೊತೆಗೆ ಗಡಿಯಾರದ ಕಸುಬನ್ನೂ ಇಲ್ಲಿ ಊರಲು ಪ್ರಯತ್ನಿಸಿತು. ಅದು ನಿಲ್ಲಲಿಲ್ಲ. ನಿಂತದ್ದು 1865ರಲ್ಲಿ ಜೆಪ್ಪುವಿನಲ್ಲಿ ಆರಂಭಗೊಂಡ ಹಂಚಿನ ಕಾರ್ಖಾನೆ. ಮುಂದೆ ನೇತ್ರಾವತಿಯ ದಡದಲ್ಲಿ ಎದ್ದ ಹಂಚಿನ ಕಾರ್ಖಾನೆಗಳು ಕೊಳವೆ ಊದಿ ಊರಿಗೆ ಹೊತ್ತು ಹೇಳತೊಡಗಿದವು. ಗಡಿಯಾರ ಮಾಡುವುದನ್ನು ಕಲಿಯದಿದ್ದರೂ ಗಡಿಯಾರದ ಮಾತು ಕೇಳುವುದನ್ನು ನಾವು ಹೀಗೆ ಕಲಿತೆವು.

ಹೊತ್ತು ಮತ್ತು ಸೂರ್ಯ ಕಾನೂನು ಪ್ರಕಾರ ಬೇರೆಯಾದದ್ದು 1906ರ ಜನವರಿ 1ರಂದು. ಅಂದು ಬ್ರಿಟಿಷ್ ಸರಕಾರ ಪೂರ್ವ ರೇಖಾಂಶ 82.5 ಡಿಗ್ರಿಯ ಸೂರ್ಯನನ್ನು ಇಡೀ ಭಾರತದ ಸೂರ್ಯನೆಂದು ಘೋಷಿಸಿತು. ಆ ರೇಖೆ ಹಾಯುವುದು ಉತ್ತರ ಪ್ರದೇಶದ ಮಿರ್ಜಾಪುರದ ಬಳಿ. ಬಂಟ್ವಾಳ, ಮೂಡುಬಿದಿರೆಗಳು ಸುಮಾರು 75 ಡಿಗ್ರಿಯಲ್ಲಿವೆ. ಒಂದು ಡಿಗ್ರಿಗೆ ನಾಲ್ಕು ನಿಮಿಷದಂತೆ ಲೆಕ್ಕ ಹಾಕಿದರೆ ನಮ್ಮ ಸೂರ್ಯ ನಮ್ಮ ಗಡಿಯಾರಕ್ಕಿಂತ ಅರ್ಧ ಗಂಟೆ ಹಿಂದೆ. ಗಡಿಯಾರ ಹನ್ನೆರಡು ಹೊಡೆದಾಗ ಬಂಟ್ವಾಳದಲ್ಲಿ ನಿಜವಾಗಿ ಹನ್ನೊಂದೂವರೆ. ಬೆಳ್ತಂಗಡಿ ಇನ್ನೂ ಪೂರ್ವಕ್ಕಿರುವ ಕಾರಣ ಅಲ್ಲಿಗೆ ಸೂರ್ಯ ಒಂದು ನಿಮಿಷದಷ್ಟು ಬೇಗ ಬರುತ್ತಾನೆ, ಘಟ್ಟದ ಮರೆಯಿಂದಾಗಿ ಕಾಣುವುದು ತಡವಾದರೂ. ಸೂರ್ಯನೂ ವರ್ಷವಿಡೀ ಒಂದೇ ಹದದಲ್ಲಿ ನಡೆಯುವವನಲ್ಲ. ನವೆಂಬರ್ ಆರಂಭದಲ್ಲಿ ನಮ್ಮಲ್ಲಿ ನಡುಹಗಲು 12 ಗಂಟೆ 14 ನಿಮಿಷದ ಸುಮಾರಿಗಾದರೆ, ಫೆಬ್ರವರಿ ನಡುವಿನಲ್ಲಿ 12 ಗಂಟೆ 44 ನಿಮಿಷಕ್ಕೆ. ಪಳ್ಳಿಯ ಗೋಡೆಯ ವೇಳಾಪಟ್ಟಿಯಲ್ಲಿ ಲುಹರ್ ಹೊತ್ತು ತಿಂಗಳಿಂದ ತಿಂಗಳಿಗೆ ಯಾಕೆ ಹಿಂದೆ ಮುಂದೆ ಸರಿಯುತ್ತದೆ ಎಂದು ಕೇಳುವವರಿಗೆ ಇದೇ ಉತ್ತರ. ಸರಕಾರಿ ಸಮಯ ಮತ್ತು ಸೂರ್ಯನ ಸಮಯ ಎರಡನ್ನೂ ಒಂದೇ ಹಾಳೆಯಲ್ಲಿ ಇಟ್ಟುಕೊಂಡು ಬಂದ ಕೆಲವೇ ದಾಖಲೆಗಳಲ್ಲಿ ಈ ವೇಳಾಪಟ್ಟಿ ಒಂದು.

ದಕ್ಷಿಣ ಕನ್ನಡ ಆಗ ಮದರಾಸು ಪ್ರಾಂತಕ್ಕೆ ಸೇರಿತ್ತು. ಮದರಾಸಿನ ಸಮಯಕ್ಕೂ ಹೊಸ ಸಮಯಕ್ಕೂ ಸುಮಾರು 9 ನಿಮಿಷದ ವ್ಯತ್ಯಾಸ ಮಾತ್ರ. ಮಂಗಳೂರಿಗೆ ರೈಲು ಬಂದದ್ದು 1907ರಲ್ಲಿ. ಅಷ್ಟರಲ್ಲಿ ಹೊಸ ಸಮಯವೇ ರೈಲಿನ ಸಮಯವಾಗಿತ್ತು. ನಮ್ಮವರು ದುಡಿಯಲು ಹೋಗುತ್ತಿದ್ದ ಮುಂಬಯಿಯಲ್ಲಿ ಮಾತ್ರ ದೊಡ್ಡ ರಂಪವಾಯಿತು. ಅಲ್ಲಿ ಗಡಿಯಾರ 39 ನಿಮಿಷ ಮುಂದೆ ಹೋಗಬೇಕಿತ್ತು. ಅಂದರೆ ಗಿರಣಿ ಕಾರ್ಮಿಕ ಅಷ್ಟು ಹೆಚ್ಚು ಕತ್ತಲಲ್ಲಿ ಏಳಬೇಕಿತ್ತು. 1906ರ ಆ ಜನವರಿಯಲ್ಲೇ ಕಾರ್ಮಿಕರು ಪ್ರತಿಭಟನೆಗಿಳಿದರು. ನಗರವೂ ಪಟ್ಟು ಬಿಡದೆ ‘ಬಾಂಬೆ ಟೈಮ್’ ಅನ್ನು 1955ರವರೆಗೂ ಉಳಿಸಿಕೊಂಡಿತು. ನಿಮಿಷಗಳಿಗಾಗಿ ಜಗಳವಾಡಿದ ಆ ಜನರನ್ನು ಹಳೆಯ ಕಾಲದವರೆಂದು ನಾವು ನಗಬೇಕಾಗಿಲ್ಲ. ತಮ್ಮ ನಿದ್ದೆಯಿಂದ 39 ನಿಮಿಷ ತೆಗೆದುಕೊಳ್ಳುವ ಅಧಿಕಾರ ಯಾರಿಗಿದೆ ಎಂದು ಅವರು ಕೇಳಿದ್ದರು.

ಕಾಲವನ್ನು ಬೇಕಾದಂತೆ ತಿರುಚುವ ಹರಳು ಆಟದಲ್ಲಿ ಮಾತ್ರ ಇರುವುದೆಂದು ತಿಳಿದವರು ಎರಡನೇ ಮಹಾಯುದ್ಧದ ದಿನಗಳನ್ನು ನೆನೆಯಬೇಕು. 1942ರ ಸೆಪ್ಟೆಂಬರಿನಿಂದ 1945ರ ಅಕ್ಟೋಬರ್‌ವರೆಗೆ ಸರಕಾರ ದೇಶದ ಗಡಿಯಾರಗಳನ್ನೆಲ್ಲ ಒಂದು ಗಂಟೆ ಮುಂದೆ ಓಡಿಸಿತು. ಆ ಮೂರು ವರ್ಷ ಬಂಟ್ವಾಳದಲ್ಲಿ ಸೂರ್ಯ ನೆತ್ತಿಗೆ ಬರುವಾಗ ಗಡಿಯಾರದಲ್ಲಿ ಒಂದೂವರೆ. ಅದಕ್ಕೆ ಹರಳು ಬೇಕಾಗಲಿಲ್ಲ, ಒಂದು ಆದೇಶ ಸಾಕಾಯಿತು.

ಸ್ವಾತಂತ್ರ್ಯದ ನಂತರ ಗಡಿಯಾರ ಜನಸಾಮಾನ್ಯರ ಕೈಗೆ ಬಂದದ್ದು ಎಚ್.ಎಂ.ಟಿ.ಯಿಂದ. 1961ರಲ್ಲಿ ಜಪಾನಿನ ಸಿಟಿಜನ್ ಕಂಪೆನಿಯ ಸಹಯೋಗದಲ್ಲಿ ಬೆಂಗಳೂರಿನಲ್ಲಿ ಕೈಗಡಿಯಾರದ ಕಾರ್ಖಾನೆ ಆರಂಭವಾಯಿತು, 1978ರಲ್ಲಿ ತುಮಕೂರಿನದು. ಜನತಾ, ಪೈಲಟ್, ಕಾಂಚನ್ ಎಂಬ ಹೆಸರುಗಳನ್ನು ಐವತ್ತು ದಾಟಿದ ಯಾರೂ ಮರೆತಿರಲಾರರು. ಮದುಮಗನ ಕೈಗೆ ಕಾಂಚನ್ ಕಟ್ಟದೆ ಮದುವೆ ಮುಗಿಯದ ಕಾಲವೊಂದಿತ್ತು; ಅದರ ಖರ್ಚನ್ನು ಯಾರು ಹೊರುತ್ತಿದ್ದರು ಎಂಬುದು ಬೇರೆಯೇ ಲೇಖನದ ವಿಷಯ. ದೃಷ್ಟಿ ಇಲ್ಲದವರು ಮುಟ್ಟಿ ನೋಡಬಹುದಾದ ಬ್ರೈಲ್ ಗಡಿಯಾರವನ್ನೂ ಎಚ್.ಎಂ.ಟಿ. ಮಾಡಿತ್ತು.

ಈ ಗಡಿಯಾರಗಳಲ್ಲಿ ಹೆಚ್ಚಿನವಕ್ಕೆ ದಿನಕ್ಕೊಮ್ಮೆ ಕೀಲಿ ಕೊಡಬೇಕು. ದಿನಕ್ಕೆ ಅರ್ಧ ನಿಮಿಷ ಹಿಂದೆ ಮುಂದೆ ಆಗುವುದು ಮಾಮೂಲು. ವಾರ ಬಿಟ್ಟರೆ ಮೂರೂವರೆ ನಿಮಿಷ. ಆದ್ದರಿಂದ ಗಡಿಯಾರವನ್ನು ಇನ್ನೊಬ್ಬರೊಂದಿಗೆ ಹೋಲಿಸಿ ನೋಡುವುದು ದಿನದ ಕೆಲಸವಾಗಿತ್ತು. ಆಕಾಶವಾಣಿಯ ವಾರ್ತೆಗೆ ಮುಂಚಿನ ‘ಪೀಂ ಪೀಂ’ ಸದ್ದಿಗೆ ಊರೇ ಮುಳ್ಳು ತಿರುಗಿಸುತ್ತಿತ್ತು. 1976ರಲ್ಲಿ ಮಂಗಳೂರಿಗೇ ಆಕಾಶವಾಣಿ ನಿಲಯ ಬಂದ ಮೇಲೆ ಇದು ಇನ್ನೂ ಸುಲಭವಾಯಿತು. ಪಳ್ಳಿಯ ಕೀಲಿ ಗಡಿಯಾರ ಮುಕ್ರಿಯವರ ಜವಾಬ್ದಾರಿ. ಅವರು ಮರೆತರೆ ಗಡಿಯಾರ ನಿಲ್ಲುತ್ತಿತ್ತು, ಜಮಾಅತ್ ಸಭೆಯಲ್ಲಿ ಅದೊಂದು ವಿಷಯವಾಗುತ್ತಿತ್ತು. ನೋಂಬಿನ ತಿಂಗಳಲ್ಲಿ ಎರಡು ಪಳ್ಳಿಗಳ ಮಗ್ರಿಬ್ ಬಾಂಗಿನ ನಡುವೆ ಎರಡು ಮೂರು ನಿಮಿಷಗಳ ಅಂತರವಿದ್ದರೆ, ಖರ್ಜೂರ ಕೈಯಲ್ಲಿ ಹಿಡಿದವರು ಯಾವುದನ್ನು ನಂಬಬೇಕೆಂಬ ವಾಗ್ವಾದ ವರ್ಷ ವರ್ಷವೂ ನಡೆಯುತ್ತಿತ್ತು. ಈ ಜಗಳಗಳಲ್ಲಿ ನಾವೂ ಪಾಲ್ಗೊಂಡವರೇ.

ಹರಳು ಬಂದದ್ದು ಅರಬಿ ಸಮುದ್ರ ದಾಟಿ. 1973ರ ನಂತರ ತೈಲದ ಬೆಲೆ ಏರಿ ಕೊಲ್ಲಿ ದೇಶಗಳಲ್ಲಿ ಕೆಲಸಗಳು ತೆರೆದುಕೊಂಡಾಗ ಬಂಟ್ವಾಳ, ಬೆಳ್ತಂಗಡಿಯ ಹಳ್ಳಿಗಳಿಂದಲೂ ಯುವಕರು ಮುಂಬಯಿ ಮಾರ್ಗವಾಗಿ ಹೊರಟರು. ರಜೆಗೆ ಬರುವಾಗ ಅವರ ಪೆಟ್ಟಿಗೆಯಲ್ಲಿ ಅತ್ತರು, ಟೇಪ್ ರೆಕಾರ್ಡರು, ಕೊಡೆಗಳ ಜೊತೆ ಸೀಕೋ, ಸಿಟಿಜನ್, ಕ್ಯಾಸಿಯೋ. ಕೀಲಿ ಬೇಡದ, ಕಿವಿಗಿಟ್ಟರೂ ಸದ್ದು ಮಾಡದ, ಅಂಕಿಗಳಲ್ಲೇ ಗಂಟೆ ತೋರಿಸುವ ವಾಚನ್ನು ನೋಡಲು ಹುಡುಗರ ಗುಂಪು ಸೇರುತ್ತಿತ್ತು. ಗಂಟೆಗೊಮ್ಮೆ ಅದು ‘ಪಿಂ’ ಎಂದಾಗ ಕ್ಲಾಸಿನಲ್ಲಿ ಮೇಷ್ಟ್ರು ತಿರುಗಿ ನೋಡುತ್ತಿದ್ದರು. ಎಷ್ಟೋ ಮನೆಗಳಲ್ಲಿ ಎರಡು ಗಡಿಯಾರ ತೂಗಿದವು, ಒಂದು ಊರಿನದು, ಇನ್ನೊಂದು ದುಬೈಯದು. ಒಂದೂವರೆ ಗಂಟೆಯ ಅಂತರ. ಸೌದಿಯಾದರೆ ಎರಡೂವರೆ. ಗಂಡ ಈಗ ಕೆಲಸದಿಂದ ಬಂದಿರಬಹುದು, ಈಗ ಅನ್ನ ಬೇಯಿಸುತ್ತಿರಬಹುದು ಎಂದು ಹೆಂಡತಿ ಆ ಎರಡನೆಯ ಗಡಿಯಾರ ನೋಡಿ ಲೆಕ್ಕ ಹಾಕುತ್ತಿದ್ದಳು. ದೂರವಾಣಿ ಮನೆಮನೆಗೆ ಬರುವ ಮೊದಲು ಗಂಡಹೆಂಡಿರ ನಡುವಿನ ಮಾತುಕತೆಯ ದೊಡ್ಡ ಭಾಗ ಹೀಗೆ ಗೋಡೆ ನೋಡಿಯೇ ನಡೆದಿದೆ.

ಅವರು ಹೋದ ನಾಡಿನಲ್ಲೂ ಗಡಿಯಾರ ಹಿಂದೆ ಸೂರ್ಯನ ಮಾತು ಕೇಳುತ್ತಿತ್ತು. ಉಸ್ಮಾನಿ ಸಾಮ್ರಾಜ್ಯದಲ್ಲೂ ಅರೇಬಿಯಾದಲ್ಲೂ ಸೂರ್ಯಾಸ್ತವೇ ಹನ್ನೆರಡು ಗಂಟೆ; ಅದಕ್ಕೆ ಸರಿಯಾಗಿ ಗಡಿಯಾರವನ್ನು ತಿದ್ದುತ್ತಲೇ ಇರಬೇಕು. ತುರ್ಕಿ ಇದನ್ನು 1926ರಲ್ಲಿ ಕೈಬಿಟ್ಟಿತು, ಸೌದಿ ಅರೇಬಿಯಾದಲ್ಲಿ 1960ರ ದಶಕದವರೆಗೂ ಬಳಕೆಯಲ್ಲಿತ್ತು. ಕೀಲಿ ಗಡಿಯಾರಕ್ಕೆ ಇದು ಸಾಧ್ಯ, ಹೇಗೂ ದಿನಾ ಕೈಯಾಡಿಸಬೇಕಲ್ಲ. ಹರಳು ಗಡಿಯಾರದ ಹೆಮ್ಮೆಯೇ ಯಾರೂ ಮುಟ್ಟಬೇಕಾಗಿಲ್ಲ ಎಂಬುದು. ಮುಂದೆ ಬಾಂಗ್ ಕೊಡುವ ಗಡಿಯಾರಗಳೂ ಬಂದವು. ಅಕ್ಷಾಂಶ, ರೇಖಾಂಶ ಹಿಡಿದು ಐದು ಹೊತ್ತನ್ನು ತಾವೇ ಲೆಕ್ಕ ಹಾಕುವಂಥವು. ಊರು ಯಾವುದೆಂದು ಮೊದಲು ಆರಿಸಬೇಕು. ಅದರ ಪಟ್ಟಿಯಲ್ಲಿ ಮುಂಬಯಿ ಇತ್ತು, ಬೆಂಗಳೂರು ಇತ್ತು. ಬಂಟ್ವಾಳ ಎಲ್ಲಿ ಸಿಗಬೇಕು? ಹತ್ತಿರದ್ದೆಂದು ಬೆಂಗಳೂರನ್ನು ಆರಿಸಿದರೆ ಹತ್ತು ನಿಮಿಷ ತಪ್ಪು. ಬೆಂಗಳೂರಿನ ಹೊತ್ತು ಮುಳುಗುವಾಗ ನಮ್ಮ ಹೊತ್ತು ಇನ್ನೂ ಕಡಲ ಮೇಲಿರುತ್ತದೆ. ಸೆಕೆಂಡಿನ ಮಟ್ಟಿಗೆ ಕರಾರುವಾಕ್ಕಾದ ಗಡಿಯಾರವನ್ನು ನಂಬಿ ನೋಂಬು ಮೊದಲೇ ಬಿಟ್ಟವರ ಕಥೆ ಎಲ್ಲ ಊರುಗಳಲ್ಲೂ ಒಂದೊಂದಿದೆ.

ಈ ಅಲೆ ಎಷ್ಟು ಜನರನ್ನು ಕೊಚ್ಚಿಕೊಂಡು ಹೋಯಿತು ಎಂಬುದನ್ನೂ ಹೇಳಬೇಕು. ಸ್ವಿಟ್ಜರ್ಲೆಂಡಿನ ಗಡಿಯಾರ ಉದ್ಯಮದಲ್ಲಿ 1970ರಲ್ಲಿ ಸುಮಾರು 90 ಸಾವಿರ ಮಂದಿ ದುಡಿಯುತ್ತಿದ್ದರು. 1980ರ ದಶಕ ಮುಗಿಯುವಷ್ಟರಲ್ಲಿ ಉಳಿದವರು 30 ಸಾವಿರದ ಆಸುಪಾಸು. ನಮ್ಮಲ್ಲಿ ಟಾಟಾ ಮತ್ತು ತಮಿಳುನಾಡು ಸರಕಾರದ ನಿಗಮ ಸೇರಿ 1984ರಲ್ಲಿ ಸ್ಥಾಪಿಸಿದ ಟೈಟಾನ್, ಕನ್ನಡಿಗರೂ ನೆಲೆಸಿರುವ ಗಡಿಯೂರು ಹೊಸೂರಿನಲ್ಲಿ ಕಾರ್ಖಾನೆ ಹಾಕಿ ಹರಳನ್ನೇ ನೆಚ್ಚಿಕೊಂಡಿತು. ಎಚ್.ಎಂ.ಟಿ. ಕೂಡ ಕ್ವಾರ್ಟ್ಸ್ ವಾಚುಗಳನ್ನು ಮಾಡಿತ್ತು, ಆದರೆ ಅದರ ಮನಸ್ಸು ಕೀಲಿಯಲ್ಲೇ ಇತ್ತು. 1991ರ ನಂತರ ಮಾರುಕಟ್ಟೆ ತೆರೆದಾಗ ಅದು ಚೇತರಿಸಿಕೊಳ್ಳಲಿಲ್ಲ. 2016ರ ಜನವರಿಯಲ್ಲಿ ಕೇಂದ್ರ ಸಂಪುಟ ಎಚ್.ಎಂ.ಟಿ. ವಾಚಸ್ ಮುಚ್ಚಲು ಒಪ್ಪಿಗೆ ನೀಡಿತು. ತುಮಕೂರಿನ ಕಾರ್ಖಾನೆಯ ಜಾಗ ಇಸ್ರೋಗೆ ಹೋಯಿತು. ಅದೇ ಇಸ್ರೋ 2023ರ ಮೇ 29ರಂದು ಹಾರಿಸಿದ ಎನ್.ವಿ.ಎಸ್.-01 ಉಪಗ್ರಹದಲ್ಲಿ ದೇಶದಲ್ಲೇ ತಯಾರಾದ ಪರಮಾಣು ಗಡಿಯಾರವಿದೆ. ಪರಮಾಣು ಗಡಿಯಾರ ಬಂದರೂ ಹರಳಿಗೆ ನಿವೃತ್ತಿಯಿಲ್ಲ. ಒಳಗೆ ನಡುಗುವುದು ಹರಳೇ. ಪರಮಾಣು ಅದರ ಕಿವಿ ಹಿಂಡಿ ದಾರಿಯಲ್ಲಿಡುತ್ತದೆ ಅಷ್ಟೆ. ಇನ್ನು ಬಿ.ಸಿ. ರೋಡಿನಂಥ ಪೇಟೆಗಳಲ್ಲಿ ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿ ಕೂರುತ್ತಿದ್ದ ವಾಚ್ ರಿಪೇರಿಯವರು ಸೆಲ್ ಬದಲಿಸುವವರಾದರು. ಕೆಲವರು ಮೊಬೈಲ್ ಅಂಗಡಿಗೆ ಹೊರಳಿದರು.

ಹಾಗೆಂದು ಹರಳನ್ನು ಜರೆಯಲು ನಾವು ಹೊರಟಿಲ್ಲ. 1930ರ ದಶಕದಲ್ಲಿ ಬರ್ಲಿನ್ನಿನ ಹರಳು ಗಡಿಯಾರಗಳು ಭೂಮಿಯೇ ವರ್ಷದಲ್ಲಿ ತುಸು ನಿಧಾನ, ತುಸು ವೇಗವಾಗಿ ತಿರುಗುತ್ತದೆ ಎಂಬುದನ್ನು ಹಿಡಿದುಕೊಟ್ಟವು. ನಮ್ಮ ಕಂಬಳದ ಗದ್ದೆಯನ್ನೇ ನೋಡಿ. ಕೋಣ ಗೆದ್ದದ್ದು ಯಾರದು ಎಂಬುದು ಕಣ್ಣಂದಾಜಿನ, ಆದ್ದರಿಂದ ಜಗಳದ ವಿಷಯವಾಗಿತ್ತು. ಎಲೆಕ್ಟ್ರಾನಿಕ್ ಸಮಯಮಾಪನ ಬಂದ ಮೇಲೆ ಸೆಕೆಂಡಿನ ನೂರರಲ್ಲೊಂದು ಪಾಲೂ ಲೆಕ್ಕಕ್ಕೆ ಬಂತು. 2020ರ ಫೆಬ್ರವರಿಯಲ್ಲಿ ಐಕಳ ಕಂಬಳದಲ್ಲಿ ಮೂಡುಬಿದಿರೆ ಬಳಿಯ ಅಶ್ವತ್ಥಪುರದ ಶ್ರೀನಿವಾಸ ಗೌಡರು 142.5 ಮೀಟರನ್ನು 13.62 ಸೆಕೆಂಡಿನಲ್ಲಿ ಓಡಿದರು. ಅದೇ ತಿಂಗಳು ಬೆಳ್ತಂಗಡಿ ತಾಲೂಕಿನ ವೇಣೂರಿನ ಸೂರ್ಯ-ಚಂದ್ರ ಕಂಬಳದಲ್ಲಿ ಬಜಗೋಳಿಯ ನಿಶಾಂತ್ ಶೆಟ್ಟಿ 143 ಮೀಟರಿಗೆ 13.61 ಸೆಕೆಂಡು ತೆಗೆದುಕೊಂಡರು. ಕೆಸರುಗದ್ದೆಯ ಓಟವನ್ನು ನೂರು ಮೀಟರಿಗೆ ಭಾಗಿಸಿ, ಉಸೇನ್ ಬೋಲ್ಟನ 9.58ರ ಪಕ್ಕ ಇಟ್ಟು ದೇಶವೇ ಸಂಭ್ರಮಿಸಿತು. ಕೇಂದ್ರ ಕ್ರೀಡಾ ಸಚಿವರು ಬೆಂಗಳೂರಿಗೆ ಬಂದು ಓಡಿ ತೋರಿಸಿ ಎಂದರು. ಗೌಡರು ತಮಗೆ ಕಂಬಳವಿದೆ ಎಂದು ಹೋಗಲಿಲ್ಲ. ಮುಂದೆ ಎಳೆಯುವ ಕೋಣಗಳ ವೇಗ, ಊರಿಂದೂರಿಗೆ ಬದಲಾಗುವ ಗದ್ದೆಯ ಉದ್ದ ಎಲ್ಲ ಅವರಿಗೆ ಗೊತ್ತಿತ್ತು. ಗಡಿಯಾರ ಹೇಳಿದ್ದು ಸತ್ಯ; ಅದನ್ನು ಓದಿದವರು ಅವಸರ ಮಾಡಿದರು.

ಆದರೆ ನಮ್ಮನ್ನು ಹೆಚ್ಚು ಕಾಡುವುದು ಗದ್ದೆಯ ಸೆಕೆಂಡುಗಳಲ್ಲ, ಮನೆಯ ಜಗಲಿಯ ಗಂಟೆಗಳು. ಬಂಟ್ವಾಳ, ಬೆಳ್ತಂಗಡಿಯ ಸಾವಿರಾರು ಮನೆಗಳನ್ನು ದಶಕಗಳ ಕಾಲ ನಡೆಸಿದ್ದು ಬೀಡಿ. ಮುಸ್ಲಿಮರು, ಬಿಲ್ಲವರು, ಕುಲಾಲರು, ದಲಿತರು ಎಂಬ ಭೇದವಿಲ್ಲದೆ ಹೆಂಗಸರು ಕಟ್ಟಿದರು. ಮಜೂರಿ ಸಾವಿರ ಬೀಡಿಗೆ ಇಷ್ಟು ಎಂದು. ಗಂಟೆಗೆ ಇಷ್ಟು ಎಂದಲ್ಲ. 1966ರ ಬೀಡಿ ಮತ್ತು ಸಿಗಾರ್ ಕಾರ್ಮಿಕರ ಕಾಯ್ದೆ ದಿನಕ್ಕೆ 9 ಗಂಟೆ, ವಾರಕ್ಕೆ 48 ಗಂಟೆ ಎಂಬ ಮಿತಿ ಹಾಕಿತು. ಆದರೆ ಆ ಮಿತಿ ಇದ್ದದ್ದು ಕಾರ್ಖಾನೆಯ ಗೋಡೆಗಳೊಳಗೆ. ಮನೆಯಲ್ಲಿ ಕಟ್ಟುವವಳ ಗಂಟೆಗಳನ್ನು ಎಣಿಸುವವರು ಯಾರೂ ಇರಲಿಲ್ಲ. ಎಲೆ ನೆನೆಹಾಕುವುದು, ಕತ್ತರಿಸುವುದು, ಸುಬಹಿಯ ನಂತರ ಒಂದಿಷ್ಟು, ಅಡುಗೆಯ ನಡುವೆ ಒಂದಿಷ್ಟು, ಇಶಾದ ನಂತರ ಚಿಮಿಣಿ ದೀಪದಲ್ಲಿ ಒಂದಿಷ್ಟು. ಗೋಡೆಯ ಮೇಲೆ ಮಗನೋ ಗಂಡನೋ ಕಳಿಸಿದ ಜಪಾನಿನ ಗಡಿಯಾರ. ಆ ಮಗ ದುಡಿಯುವಲ್ಲಿ ಒಳಗೆ ಹೋಗುವ, ಹೊರಗೆ ಬರುವ ನಿಮಿಷ ಕಾರ್ಡಿನಲ್ಲಿ ಅಚ್ಚಾಗುತ್ತಿತ್ತು, ತಡವಾದರೆ ಸಂಬಳದಲ್ಲಿ ಕಡಿತವೂ ಆಗುತ್ತಿತ್ತು. ತಾಯಿಯ ನಿಮಿಷಗಳು ಯಾವ ಕಾರ್ಡಿನಲ್ಲೂ ಇಲ್ಲ. ಅವಳ ಪಾಲಿಗೆ ಗಡಿಯಾರದಲ್ಲಿ ಮುಖ್ಯವಾಗಿದ್ದುದು ಒಂದೇ ಗಂಟೆ, ಬೀಡಿ ಬ್ರಾಂಚ್ ಮುಚ್ಚುವ ಗಂಟೆ.

ನಮ್ಮ ಪರಿಚಯದ ಮನೆಯೊಂದರಲ್ಲಿ ಅಂಥ ಗಡಿಯಾರ ಈಗಲೂ ನಡೆಯುತ್ತಿದೆ. ಸೆಲ್ ಎಷ್ಟೋ ಸಲ ಬದಲಾಗಿದೆ, ಹರಳು ಹಳೆಯದೇ. ಅದು ಹತ್ತು ನಿಮಿಷ ಮುಂದಿದೆ. ಕೆಟ್ಟು ಹಾಗಾದದ್ದಲ್ಲ, ಬ್ರಾಂಚ್ ಮುಚ್ಚುವ ಮೊದಲು ಬೀಡಿ ತಲುಪಿಸಬೇಕೆಂದು ಆ ಮನೆಯ ಹಿರಿಯಾಕೆ ಮುಂದಿಟ್ಟದ್ದು. ಆಕೆ ಬೀಡಿ ಬಿಟ್ಟು ಬಹಳ ವರ್ಷಗಳಾದವು. ಗಂಟೆ ಎಷ್ಟೆಂದು ಯಾರಾದರೂ ಕೇಳಿದರೆ ಮನೆಯವರೆಲ್ಲ ಹತ್ತು ಕಳೆದೇ ಹೇಳುತ್ತಾರೆ. ಮುಳ್ಳನ್ನು ಸರಿ ಮಾಡಲು ಮಾತ್ರ ಆಕೆ ಯಾರಿಗೂ ಬಿಟ್ಟಿಲ್ಲ.